ಡ್ರಾಮಾ ಮೇಷ್ಟ್ರನ್ನೂ ಒಂದು ಮಾತು ಕೇಳಿ

ಮಾನ್ಯ ಸಂಪಾದಕರೇ,

ಕಳೆದ ವಾರ ಓದುಗರ ಪತ್ರಗಳ ಅಂಕಣದಲ್ಲಿ ನಿವೃತ್ತ ಅಧ್ಯಾಪಕರೊಬ್ಬರ ಪತ್ರ ಓದಿದೆ. ವಿಶ್ವವಿದ್ಯಾಲಯಗಳಲ್ಲಿ ಈಗ ಪಂಪ, ರನ್ನರನ್ನು ಕೇಳುವವರಿಲ್ಲ, ಸಿನಿಮಾ ಹಾಡು, ಧಾರಾವಾಹಿ, ಹಳ್ಳಿ ಡ್ರಾಮಾ ಅಂತ ಪಿಎಚ್.ಡಿ. ಮಾಡುತ್ತಾರೆ, ಇದು ಜನರ ದುಡ್ಡಿಗೆ ದಂಡ ಅನ್ನುವುದು ಅವರ ಬೇಸರ. ಆ ಬೇಸರದಲ್ಲಿ ಅರ್ಧ ನನಗೂ ಇದೆ. ಉಳಿದರ್ಧಕ್ಕೆ ಉತ್ತರ ಬರೆಯಬೇಕು ಅನ್ನಿಸಿತು.

ನಾನು ಅಧ್ಯಾಪಕಿ ಅಲ್ಲ. ಸರಸ್ವತಿಪುರಂನಲ್ಲಿ ಒಂದು ಡಿಟಿಪಿ ಮತ್ತು ಬೈಂಡಿಂಗ್ ಅಂಗಡಿ ನಡೆಸುತ್ತೇನೆ. ಮೈಸೂರು ವಿಶ್ವವಿದ್ಯಾಲಯದ ಕ್ಯಾಂಪಸ್ ಮಾನಸಗಂಗೋತ್ರಿಯ ಹುಡುಗ ಹುಡುಗಿಯರು ಪ್ರಬಂಧ ಟೈಪ್ ಮಾಡಿಸಲು ಬರುತ್ತಾರೆ. ನುಡಿ ಅನ್ನುವ ಕನ್ನಡ ತಂತ್ರಾಂಶದಲ್ಲಿ ಟೈಪ್ ಮಾಡಿ, ಕರಡು ತಿದ್ದಿಸಿ, ಕೊನೆಗೆ ರೆಕ್ಸಿನ್ ಹೊದಿಸಿ ಚಿನ್ನದ ಬಣ್ಣದ ಅಕ್ಷರ ಒತ್ತಿಕೊಡುವುದು ನನ್ನ ಕೆಲಸ. ಗೈಡ್ ಓದುತ್ತಾರೋ ಇಲ್ಲವೋ, ನಾನಂತೂ ಪ್ರತಿ ಸಾಲನ್ನೂ ಓದಲೇಬೇಕು.

ಜನಪ್ರಿಯ ಸಂಸ್ಕೃತಿ ಅನ್ನುವ ಹೆಸರಿನ ಪ್ರಬಂಧ ಬಂದರೆ ಮೊದಲ ಅಧ್ಯಾಯದಲ್ಲಿ ಏನಿರುತ್ತದೆ ಅಂತ ನೋಡದೇ ಹೇಳಬಲ್ಲೆ. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಂ. 1964ರಲ್ಲಿ ಅಲ್ಲಿನ ವಿಶ್ವವಿದ್ಯಾಲಯದಲ್ಲಿ ರಿಚರ್ಡ್ ಹೊಗಾರ್ಟ್ ಒಂದು ಸಂಸ್ಕೃತಿ ಅಧ್ಯಯನ ಕೇಂದ್ರ ತೆರೆದರು, ಆಮೇಲೆ ಸ್ಟುವರ್ಟ್ ಹಾಲ್ ಅದನ್ನು ನಡೆಸಿದರು, 2002ರಲ್ಲಿ ವಿಶ್ವವಿದ್ಯಾಲಯವೇ ಅದನ್ನು ಮುಚ್ಚಿತು. ಅದಕ್ಕೂ ಮುಂಚೆ 1940ರ ದಶಕದಲ್ಲಿ ಜರ್ಮನಿಯಿಂದ ಅಮೆರಿಕಕ್ಕೆ ಹೋಗಿದ್ದ ಅಡೋರ್ನೋ ಮತ್ತು ಹಾರ್ಕ್‌ಹೈಮರ್ ಅನ್ನುವ ಚಿಂತಕರು, ಸಿನಿಮಾ, ರೇಡಿಯೊ ಎಲ್ಲವೂ ಕಾರ್ಖಾನೆ ಮಾಲು, ಜನರನ್ನು ಮಂಕು ಮಾಡುತ್ತವೆ ಅಂದರು. 1979ರಲ್ಲಿ ಫ್ರಾನ್ಸಿನ ಸಮಾಜಶಾಸ್ತ್ರಜ್ಞ ಬೋರ್ದ್ಯು, ಯಾರಿಗೆ ಏನು ಇಷ್ಟ ಅನ್ನುವುದು ಅವರು ಹುಟ್ಟಿದ ಮನೆ, ಓದಿದ ಶಾಲೆ ನೋಡಿ ತೀರ್ಮಾನವಾಗುತ್ತದೆ ಅಂದರು. ಇಷ್ಟು ನನಗೂ ಬಾಯಿಪಾಠ. ಒಬ್ಬರ ಪ್ರಬಂಧದಲ್ಲಿದ್ದ ಕಾಗುಣಿತದ ತಪ್ಪು ಮುಂದಿನ ವರ್ಷ ಇನ್ನೊಬ್ಬರದ್ದರಲ್ಲಿ ಹಾಗ್‌ಹಾಗೇ ಬಂದಿರುತ್ತದೆ. ಅಧ್ಯಾಪಕರ ಬೇಸರದಲ್ಲಿ ನನ್ನ ಪಾಲು ಅಂದೆನಲ್ಲ, ಅದು ಇದೇ.

ಆದರೆ ಆ ಹೊಗಾರ್ಟ್ ಯಾರು ಅಂತ ಒಮ್ಮೆ ನೋಡಿ. ಲೀಡ್ಸ್ ಊರಿನ ಬಡ ಕೂಲಿಕಾರರ ಕೇರಿಯಲ್ಲಿ ಬೆಳೆದವರು. 1957ರಲ್ಲಿ ಬಂದ ಅವರ ಪುಸ್ತಕ ಆ ಕೇರಿಯ ಜನ ಏನು ಓದುತ್ತಿದ್ದರು, ಯಾವ ಹಾಡು ಹಾಡುತ್ತಿದ್ದರು, ಮನೆಯಲ್ಲಿ ಹೇಗೆ ಮಾತಾಡುತ್ತಿದ್ದರು ಅನ್ನುವುದರ ಮೇಲಿದೆ. ಸುಮ್ನೆ ಹೊಗಳಿ ಬರೆದದ್ದೂ ಅಲ್ಲ. ಮೊದಲರ್ಧ ಪ್ರೀತಿಯಿಂದ ಬರೆದು, ಉಳಿದರ್ಧದಲ್ಲಿ ಹೊಸದಾಗಿ ಬರುತ್ತಿದ್ದ ಅಗ್ಗದ ಮನರಂಜನೆಯನ್ನು ಚೆನ್ನಾಗಿ ಝಾಡಿಸಿದ್ದಾರೆ. ಅವರು ಕೇಂದ್ರ ತೆರೆಯಲು ಹೊರಟಾಗ ದುಡ್ಡಿನ ನೆರವು ಕೊಟ್ಟದ್ದು ಪೆಂಗ್ವಿನ್ ಪ್ರಕಾಶನದ ಅಲೆನ್ ಲೇನ್. ಇಂಥವರನ್ನು ಮೊದಲ ಅಧ್ಯಾಯದಲ್ಲಿ ಕೂರಿಸಿ ಕೈಮುಗಿಯುವ ನಮ್ಮ ಹುಡುಗರು ಎರಡನೇ ಅಧ್ಯಾಯದಲ್ಲಾದರೂ ತಮ್ಮೂರ ಕೇರಿಗೆ ಬರಬೇಕಲ್ವಾ? ಬರುವುದೇ ಇಲ್ಲ. ಕೊನೆಯ ಅಧ್ಯಾಯದವರೆಗೂ ಬರ್ಮಿಂಗ್‌ಹ್ಯಾಂನಲ್ಲೇ ಇರುತ್ತಾರೆ.

ಪತ್ರ ಬರೆದವರು ಹಳ್ಳಿ ಡ್ರಾಮಾ ಅಂತ ಹೀಯಾಳಿಸಿದ್ದರಿಂದ ಅದರ ವಿಷಯವನ್ನೇ ಹೇಳುತ್ತೇನೆ. ನನ್ನ ತವರು ಮದ್ದೂರು ತಾಲ್ಲೂಕು, ವಿಶ್ವೇಶ್ವರಯ್ಯ (ವಿ.ಸಿ.) ನಾಲೆ ಬಯಲು. ನಮ್ಮಣ್ಣ ಕಬ್ಬು ಬೆಳೆಯುತ್ತಾನೆ. ಊರಲ್ಲಿ ಕುರುಕ್ಷೇತ್ರ ನಾಟಕ ಕಟ್ಟಿದರೆ ದುರ್ಯೋಧನ ಅವನೇ ಆಗಬೇಕು. ಪಾತ್ರ ಸುಮ್ನೆ ಸಿಗುವುದಿಲ್ಲ, ದುಡ್ಡು ಕಟ್ಟಬೇಕು. ನಮ್ಮೂರಲ್ಲಿ ದುರ್ಯೋಧನನಿಗೂ ಕೃಷ್ಣನಿಗೂ ಜಾಸ್ತಿ, ಧರ್ಮರಾಯನಿಗೆ ಕಡಿಮೆ, ದೂತನಿಗೆ ಇನ್ನೂ ಕಡಿಮೆ. ಆ ದುಡ್ಡಲ್ಲೇ ಸೀನರಿ, ಡ್ರೆಸ್ಸು, ಲೈಟು, ಮೈಕು, ಮೇಷ್ಟ್ರ ಸಂಭಾವನೆ ಎಲ್ಲ ಆಗಬೇಕು. ನಾಟಕ ಮಾಡುವವನೇ ಕೈಯಿಂದ ದುಡ್ಡು ಹಾಕಿ, ನೋಡುವವನು ಬಿಟ್ಟಿ ನೋಡುವ ವ್ಯವಹಾರ ಇದು. ಕಾರ್ಖಾನೆ ಮಾಲು ಅಂದ ಅಡೋರ್ನೋ ಅವರ ಲೆಕ್ಕಕ್ಕೆ ಇದು ಹೇಗೆ ಕೂರುತ್ತದೆ ಅಂತ ಯಾರಾದರೂ ಒಂದು ಪ್ರಬಂಧ ಬರೆದರೆ ನಾನು ಸಂತೋಷದಿಂದ ಟೈಪ್ ಮಾಡುತ್ತೇನೆ.

ತಿಂಗಳುಗಟ್ಟಲೆ ರಾತ್ರಿ ಹೊತ್ತು ಮಾರಿಗುಡಿ ಜಗಲಿಯ ಮೇಲೆ ಪ್ರಾಕ್ಟೀಸ್. ಹಾರ್ಮೋನಿಯಂ ಮೇಷ್ಟ್ರು ಕಾಲಲ್ಲಿ ತಿದಿ ತುಳಿಯುತ್ತಾ ಒಂದೊಂದೇ ಸಾಲು ಹೇಳಿಕೊಡುತ್ತಾರೆ. ನಮ್ಮಣ್ಣನ ಓದು ಏಳನೇ ಕ್ಲಾಸಿಗೆ ನಿಂತಿತು. ಅವನ ಜೊತೆ ಶಕುನಿ ಮಾಡುವವರಿಗೆ ಓದಲು ಬರುವುದಿಲ್ಲ, ಪೂರ್ತಿ ಕಿವಿಪಾಠ. ಇವರು ಕಲಿಯುವುದು ಏನನ್ನು ಗೊತ್ತೇ? ಕಂದಪದ್ಯ ಮತ್ತು ವೃತ್ತ, ಅಂದರೆ ಹಳಗನ್ನಡ ಕಾವ್ಯದ ಛಂದಸ್ಸುಗಳು. ಛಂದಸ್ಸಿನ ಮೇಲಿನ ಒಂದು ಪ್ರಬಂಧಕ್ಕೆ ಲಘು ಗುರು ಗುರುತು ಹಾಕಿ ಹಾಕಿ ನನಗೆ ಇದರ ಲೆಕ್ಕ ಗೊತ್ತು. ಕಂದದ ಒಂದನೇ, ಮೂರನೇ ಸಾಲಿಗೆ 12 ಮಾತ್ರೆ, ಎರಡನೇ, ನಾಲ್ಕನೇ ಸಾಲಿಗೆ 20. ಪ್ರತಿ ಸಾಲಿನ ಎರಡನೇ ಅಕ್ಷರಕ್ಕೆ ಪ್ರಾಸ. ಪಂಪ 10ನೇ ಶತಮಾನದಲ್ಲಿ ಬಳಸಿದ್ದು ಇದನ್ನೇ, ರನ್ನ ಗದಾಯುದ್ಧ ಬರೆದದ್ದೂ ಇದೇ ಕಂದ, ವೃತ್ತಗಳಲ್ಲಿ. ಕ್ಲಾಸ್ ರೂಮಿನಲ್ಲಿ ಇದಕ್ಕೆ ಪ್ರಸ್ತಾರ ಹಾಕುತ್ತಾರೆ, ಯಾರೂ ಹಾಡುವುದಿಲ್ಲ. ನಮ್ಮೂರಲ್ಲಿ ಪ್ರಸ್ತಾರ ಯಾರಿಗೂ ಗೊತ್ತಿಲ್ಲ, ಆದರೆ ಎಳೆಯುವ ಜಾಗದಲ್ಲಿ ಎಳೆಯದಿದ್ದರೆ ಮುಂದೆ ಕೂತ ಅಜ್ಜಂದಿರೇ ಬೈಯುತ್ತಾರೆ. ಚೆನ್ನಾಗಿ ಹಾಡಿದರೆ "ಒನ್ಸ್ ಮೋರ್" ಅಂತ ಕೂಗಿ, ನೋಟಿನ ಹಾರ ಹಾಕಿ, ಸತ್ತು ಬಿದ್ದ ಅಭಿಮನ್ಯುವನ್ನೂ ಎಬ್ಬಿಸಿ ಹಾಡಿಸುತ್ತಾರೆ.

ರನ್ನನನ್ನು ಕೇಳುವವರಿಲ್ಲ ಅಂದಿರಿ ಸ್ವಾಮಿ. ರನ್ನನ ಕಾವ್ಯದಲ್ಲಿ ದುರ್ಯೋಧನ ಬೀಳುವ ಹೊತ್ತಿಗೆ ಓದುವವರ ಮನಸ್ಸು ಅವನ ಕಡೆಗೇ ವಾಲಿರುತ್ತದೆ. ನಮ್ಮೂರಲ್ಲಿ ದುರ್ಯೋಧನನ ಪಾತ್ರಕ್ಕೆ ಯಾಕೆ ಅಷ್ಟು ಪೈಪೋಟಿ ಅನ್ನುವುದಕ್ಕೂ ಇದಕ್ಕೂ ಸಂಬಂಧ ಇದೆಯೋ ಇಲ್ಲವೋ, ನನಗೆ ಗೊತ್ತಿಲ್ಲ. ಕೇಳಬೇಕಾದ ಪ್ರಶ್ನೆ ಅಂತೂ ಹೌದು. ಪಂಪ, ರನ್ನರನ್ನು ಅರೆದು ಕುಡಿದವರೇ ಇದನ್ನು ಕೇಳಿದರೆ ಇನ್ನೂ ಚೆನ್ನ.

ಈ ಡ್ರಾಮಾ ಎಲ್ಲಿಂದ ಬಂತು ಅಂತ ನೋಡಿದರೆ ದಾರಿ ಅರಮನೆಗೇ ಹೋಗುತ್ತದೆ. ಹತ್ತನೇ ಚಾಮರಾಜೇಂದ್ರ ಒಡೆಯರ ಕಾಲದಲ್ಲಿ, 1880ರ ದಶಕದಲ್ಲಿ, ಮೈಸೂರು ಅರಮನೆಯ ಆಸರೆಯಲ್ಲಿ ನಾಟಕ ಸಭೆ ಅನ್ನುವ ತಂಡ ಇತ್ತು. ಆಸ್ಥಾನ ಕವಿ ಬಸವಪ್ಪ ಶಾಸ್ತ್ರಿಗಳು ಕಾಳಿದಾಸನ ಶಾಕುಂತಲವನ್ನು ಕನ್ನಡಕ್ಕೆ ತಂದರು. ಷೇಕ್ಸ್‌ಪಿಯರನ ಒಥೆಲೋ ಶೂರಸೇನ ಚರಿತ್ರೆ ಆಯಿತು. ಅದೇ ಕಾಲಕ್ಕೆ ಗುಬ್ಬಿ ನಾಟಕ ಕಂಪನಿ ಶುರುವಾಗಿತ್ತು. ಆಮೇಲೆ ಬೇರೆ ಬೇರೆ ಕಂಪನಿಗಳು ಊರೂರು ಸುತ್ತಿದವು. ಅವರ ಮಟ್ಟು, ಅವರ ಪರದೆ, ಅವರ ಕಿರೀಟ ನಮ್ಮ ಹಳ್ಳಿಗೆ ಇಳಿದವು. ಇದನ್ನು ಮೇಲಿನದು ಅನ್ನುತ್ತೀರೋ ಕೆಳಗಿನದು ಅನ್ನುತ್ತೀರೋ? ಷೇಕ್ಸ್‌ಪಿಯರನಿಗೆ ಅಮೆರಿಕದಲ್ಲಿ ಏನಾಯಿತು ಅಂತ ಲಾರೆನ್ಸ್ ಲೆವೈನ್ ಅನ್ನುವ ಇತಿಹಾಸಕಾರರು 1988ರಲ್ಲಿ ಬರೆದಿದ್ದಾರೆ. 19ನೇ ಶತಮಾನದಲ್ಲಿ ಅಲ್ಲಿ ಅವನ ನಾಟಕದ ನಡುವೆ ಹಾಡು, ಕುಣಿತ ಇರುತ್ತಿತ್ತು. ಜನ ಕೂಗುತ್ತಿದ್ದರು, ಇಷ್ಟವಾಗದಿದ್ದರೆ ಕೈಗೆ ಸಿಕ್ಕಿದ್ದನ್ನು ಎಸೆಯುತ್ತಿದ್ದರು. ಆ ಶತಮಾನ ಮುಗಿಯುವಷ್ಟರಲ್ಲಿ ಅವನನ್ನು ಬಾಯಿ ಮುಚ್ಚಿಕೊಂಡು ಕೂತು ನೋಡುವ ದೊಡ್ಡವರ ಸೊತ್ತು ಮಾಡಿಬಿಟ್ಟರು. ಅಲ್ಲಿ ಹತ್ತಿಸಿದರು, ಇಲ್ಲಿ ಇಳಿಸಿದೆವು.

ಜಾನಪದಕ್ಕೂ ಒಂದು ಕಾಲದಲ್ಲಿ ಇದೇ ಮಾತು ಬಂದಿತ್ತು. ರಾಗಿ ಬೀಸುವವರ ಹಾಡಿಗೆ ಎಂ.ಎ. ಬೇಕಾ ಅಂತ ಮೂಗು ಮುರಿದವರು ಇದ್ದರು. ಮೈಸೂರು ವಿಶ್ವವಿದ್ಯಾಲಯ 1968ರಲ್ಲಿ ಜಾನಪದ ವಸ್ತುಸಂಗ್ರಹಾಲಯ ಶುರು ಮಾಡಿತು. ಸೋಮನ ಮುಖ, ತೊಗಲುಗೊಂಬೆ, ಕೊಳಗ, ಬಳ್ಳ ಎಲ್ಲ ಜಯಲಕ್ಷ್ಮಿ ವಿಲಾಸ ಅರಮನೆಯೊಳಗೆ ಬಂದವು. ನಾಗಮಂಗಲ ತಾಲ್ಲೂಕಿನ ಎಚ್.ಎಲ್. ನಾಗೇಗೌಡರು 1979ರಲ್ಲಿ ಜಾನಪದ ಪರಿಷತ್ತು ಕಟ್ಟಿ, ರಾಮನಗರದ ಹತ್ತಿರ ಜಾನಪದ ಲೋಕ ಮಾಡಿದರು. ಈಗ ಯಾರೂ ಮೂಗು ಮುರಿಯುವುದಿಲ್ಲ. ನಮ್ಮಣ್ಣನ ಡ್ರಾಮಾ ಮಾತ್ರ ಎಲ್ಲೂ ಸಲ್ಲುತ್ತಿಲ್ಲ. ಅಚ್ಚಾದ ಪುಸ್ತಕ, ಹಾರ್ಮೋನಿಯಂ, ಕರೆಂಟ್ ಲೈಟು ಇದೆ ಅಂತ ಜಾನಪದದವರು ಬಿಡುತ್ತಾರೆ. ರಾತ್ರಿಯೆಲ್ಲ ಕೂಗಾಟ ಅಂತ ಸಾಹಿತ್ಯದವರು ಬಿಡುತ್ತಾರೆ. ಹೊಸ ರಂಗಭೂಮಿಯವರಿಗಂತೂ ಆ ಝಗಮಗ ಡ್ರೆಸ್ ನೋಡಿದರೇ ನಗು. ಈ ವಿಷಯದ ಮೇಲೆ ಕೆಲಸ ಮಾಡಿದವರು ಇಲ್ಲವೇ ಇಲ್ಲ ಅನ್ನುತ್ತಿಲ್ಲ. ನನ್ನ ಮೇಜಿಗೆ ಬಂದದ್ದು ಕಡಿಮೆ.

ಇನ್ನೊಂದು ಮಾತು. ಡಾ. ರಾಜ್‌ಕುಮಾರ್ ಅವರ ಹೆಸರಿನ ಹಿಂದಿನ ಆ 'ಡಾ.' ಎಲ್ಲಿಂದ ಬಂತು? 1976ರಲ್ಲಿ ಇದೇ ಮೈಸೂರು ವಿಶ್ವವಿದ್ಯಾಲಯ ಕೊಟ್ಟದ್ದು. ಗುಬ್ಬಿ ಕಂಪನಿಯಲ್ಲಿ ಬಣ್ಣ ಹಚ್ಚಿ ಬಂದವರಿಗೆ ಗೌನು ಹಾಕಿ ಗೌರವಿಸುವುದು ಸರಿ, ಅವರ ಹಾಡನ್ನು ಕೂತು ಅಧ್ಯಯನ ಮಾಡುವುದು ತಪ್ಪು ಅಂದರೆ ಹೇಗೆ? ನನ್ನನ್ನು ಕೇಳಿದರೆ ತಪ್ಪು ಬೇರೆ ಕಡೆ ಇದೆ. ನಮ್ಮಲ್ಲಿ ಅಧ್ಯಯನ ಅಂದರೆ ಸನ್ಮಾನ ಅಂತ ಆಗಿಬಿಟ್ಟಿದೆ. ಒಬ್ಬ ನಟನ ಮೇಲೆ ಪ್ರಬಂಧ ಅಂದರೆ ಮುನ್ನೂರು ಪುಟ ಜೈಕಾರ. ಅದು ಅಭಿಮಾನಿ ಸಂಘದ ಕೆಲಸ, ಅವರು ಇನ್ನೂ ಚೆನ್ನಾಗಿ ಮಾಡುತ್ತಾರೆ. ಡ್ರಾಮಾದಲ್ಲೂ ಹೊಗಳಬಾರದ್ದು ಬೇಕಾದಷ್ಟಿದೆ. ಯುದ್ಧದ ಸೀನ್ ನಡುವೆ ಹೊಸ ಸಿನಿಮಾ ಮಟ್ಟಿಗೆ ಕುಣಿಸುತ್ತಾರೆ. ಸ್ಟೇಜ್ ಮೇಲೆ ಅರ್ಧ ಗಂಟೆ ರಾಜಕಾರಣಿಗಳಿಗೆ ಹಾರ ಹಾಕುತ್ತಾರೆ. ಕೆಲವು ಪಾತ್ರಧಾರಿಗಳು ಎರಡನೇ ಅಂಕಕ್ಕೆ ನೆಟ್ಟಗೆ ನಿಲ್ಲುವ ಸ್ಥಿತಿಯಲ್ಲಿ ಇರುವುದಿಲ್ಲ. ಇದನ್ನೂ ಬರೆಯಬೇಕು.

ನಮ್ಮಣ್ಣನಿಗೆ ಈ ಪತ್ರದ ವಿಷಯ ಹೇಳಿದಾಗ ಅವನು, "ಅದ್ಕೆ ಅಷ್ಟು ವರ್ಸ ಯಾಕವ್ವ ಓದ್ಬೇಕು, ನಮ್ ಮೇಷ್ಟ್ರ ಕೇಳುದ್ರೆ ಒಂದೇ ರಾತ್ರೀಲಿ ಎಲ್ಲಾ ಹೇಳ್ತಾರೆ" ಅಂದ. ಮೇಷ್ಟ್ರಿಗೆ ವಯಸ್ಸಾಗಿದೆ. ಪ್ರತಿ ಪಾತ್ರದ ಮಾತು, ಪದ್ಯ, ಯಾವುದಕ್ಕೆ ಯಾವ ರಾಗ ಅಂತ ಬರೆದಿಟ್ಟ ನೋಟ್ ಬುಕ್ಕುಗಳು ಅವರ ಮನೆ ಅಟ್ಟದಲ್ಲಿವೆ. ಅದನ್ನು ಯಾರಾದರೂ ಸ್ಕ್ಯಾನ್ ಮಾಡಿಟ್ಟರೆ ಬರ್ಮಿಂಗ್‌ಹ್ಯಾಂನ ಹತ್ತು ಪುಟಕ್ಕಿಂತ ಮೇಲು.

ಅದಕ್ಕೂ ಮೊದಲು ಆಗಬೇಕಾದ ಕೆಲಸ ಇನ್ನೊಂದಿದೆ. ನಮ್ಮೂರ ಹೆಂಗಸರು ಯಾರೂ ಸ್ಟೇಜ್ ಹತ್ತುವುದಿಲ್ಲ, ಹತ್ತಲು ಬಿಡುವುದೂ ಇಲ್ಲ. ನಾನು ಚಿಕ್ಕವಳಿದ್ದಾಗ ಅಣ್ಣನ ಪದ್ಯವೆಲ್ಲ ಅವನಿಗಿಂತ ಮೊದಲು ನನಗೇ ಬರುತ್ತಿತ್ತು, ಅದರಿಂದ ಏನೂ ಆಗಲಿಲ್ಲ ಬಿಡಿ. ದ್ರೌಪದಿ, ಕುಂತಿ, ಉತ್ತರೆ ಎಲ್ಲರೂ ಹೊರಗಿನಿಂದ ದುಡ್ಡಿಗೆ ಬರುವ ಕಲಾವಿದೆಯರು. ಸಂಜೆ ಬಸ್ಸಿನಲ್ಲಿ ಬ್ಯಾಗ್ ಹಿಡಿದು ಇಳಿಯುತ್ತಾರೆ. ಸೀರೆ, ಒಡವೆ, ಸವರಿ ಎಲ್ಲ ಅವರದ್ದೇ. ಊರಿನ ಗಂಡಸರು ತಿಂಗಳುಗಟ್ಟಲೆ ಕಲಿತದ್ದನ್ನು ಇವರು ಒಂದು ಸಲವೂ ಜೊತೆಗೆ ಪ್ರಾಕ್ಟೀಸ್ ಮಾಡದೆ ನೇರ ಸ್ಟೇಜ್ ಮೇಲೆ ಹೇಳುತ್ತಾರೆ. ಎದುರಿಗಿದ್ದವನು ಮಾತು ಮರೆತರೆ ಅವನ ಮಾತನ್ನೂ ಮೆಲ್ಲಗೆ ಎತ್ತಿಕೊಡುತ್ತಾರೆ. ನಮ್ಮಣ್ಣನ ಭಾನುಮತಿ ಹೀಗೆ ಅವನ ಮಾನ ಉಳಿಸಿದ್ದನ್ನು ನಾನೇ ಕಂಡಿದ್ದೇನೆ. ಮರುದಿನ ಇನ್ನೊಂದು ಊರು, ಇನ್ನೊಬ್ಬ ದುರ್ಯೋಧನ. ಕರಪತ್ರದಲ್ಲಿ ಗಂಡಸರದ್ದೆಲ್ಲ ಫೋಟೊ ಇರುತ್ತದೆ, ಇವರ ಹೆಸರು ಕೆಳಗೆ ಒಂದು ಸಾಲು. ಎಷ್ಟು ಪಾತ್ರ ಬಾಯಿಗೆ ಬರುತ್ತದೆ, ಯಾರು ಕಲಿಸಿದರು, ಒಂದು ರಾತ್ರಿಗೆ ಎಷ್ಟು ಕೊಡುತ್ತಾರೆ, ಕೊಟ್ಟ ಮಾತಿನಂತೆ ಕೊಡುತ್ತಾರಾ, ಮಕ್ಕಳನ್ನು ಯಾರ ಹತ್ತಿರ ಬಿಟ್ಟು ಬರುತ್ತಾರೆ, ಯಾರೂ ಬರೆದುಕೊಂಡಿಲ್ಲ. ನಾನು ಟೈಪ್ ಮಾಡಿದ ಯಾವ ಪ್ರಬಂಧದಲ್ಲೂ ಇವರು ಬಂದಿಲ್ಲ.

ಯುಗಾದಿ ಕಳೆದ ಮೇಲೆ ಮಳೆ ಹಿಡಿಯುವ ತನಕ ನಮ್ಮ ಕಡೆ ಡ್ರಾಮಾ ಸೀಸನ್. ಸಂಶೋಧನೆ ಮಾಡುವವರು ಆಗ ಬಂದರೆ ಇವರು ಸಿಗುತ್ತಾರೆ. ಸಂಜೆ ಬಣ್ಣ ಹಚ್ಚುವ ಹೊತ್ತಿಗೆ ಬನ್ನಿ, ಮಾತಾಡಲು ಸ್ವಲ್ಪ ಪುರುಸೊತ್ತು ಇರುತ್ತದೆ. ಬೆಳಿಗ್ಗೆ ಬೇಡ, ಮೊದಲ ಬಸ್ಸಿಗೆ ಹೊರಟುಬಿಟ್ಟಿರುತ್ತಾರೆ.

ಇಂತಿ,
ಒಬ್ಬ ಓದುಗಿ,
ಸರಸ್ವತಿಪುರಂ, ಮೈಸೂರು