ಶನಿವಾರದ ಕ್ಯೋಟೋ ಸುತ್ತಾಟ, ದಯವಿಟ್ಟು ಎಲ್ರೂ ಓದಿ

ಎಲ್ರಿಗೂ ನಮಸ್ಕಾರ 🙏 ಶನಿವಾರ ಬೆಳಗ್ಗೆ 10ಕ್ಕೆ ನಿಶಿಕಿ ಮಾರ್ಕೆಟ್‌ನ ತಕಾಕುರಾ ಬೀದಿ ಕಡೆ ಬಾಗಿಲ ಹತ್ರ ಸೇರೋಣ, ಗೈಡ್ ಅಲ್ಲಿಗೇ ಬರ್ತಾರೆ, ಹೆಸರು ಕೊಟ್ಟಿರೋ 12 ಜನ 10 ನಿಮಿಷ ಮುಂಚೆನೇ ಇರಿ.

ಮುಖ್ಯವಾಗಿ ಸಸ್ಯಾಹಾರಿಗಳು ಗಮನಿಸಿ. ತರಕಾರಿ ಸೂಪು, ನೂಡಲ್ಸ್ ಅಂತ ಕಂಡ್ರೂ ಅದರ ದಾಶಿ ಸಾರು ಸಾಮಾನ್ಯವಾಗಿ ಒಣಗಿಸಿದ ಮೀನಿಂದ ಮಾಡಿರ್ತಾರೆ, ಹಾಗಾಗಿ ಕೇಳದೆ ಏನೂ ತಿನ್ನಬೇಡಿ, ಗೈಡ್ ಕೇಳಿ ಹೇಳ್ತಾರೆ. ಮಧ್ಯಾಹ್ನ ಊಟಕ್ಕೆ ಶೋಜಿನ್ ರ್ಯೋರಿ ಹೇಳಿದೀವಿ, ಬೌದ್ಧ ಮಠಗಳ ಅಡುಗೆ, ಮೀನು ಮಾಂಸ ಇರಲಿ ಈರುಳ್ಳಿ ಬೆಳ್ಳುಳ್ಳಿನೂ ಹಾಕಲ್ಲ, ನಮ್ಮ ಮಡಿ ಅಡುಗೆ ಥರನೇ. ತೋಫು, ಯುಬಾ (ಸೋಯಾ ಹಾಲಿನ ಕೆನೆ) ಎರಡೂ ಕ್ಯೋಟೋದ ಹೆಮ್ಮೆ, ಬಿಡಬೇಡಿ.

ಮಾರ್ಕೆಟ್ ಓಣಿ ತುಂಬಾ ಕಿರಿದು, ನಡೀತಾ ತಿನ್ನೋದು ಬೇಡ, ಕೊಂಡ ಅಂಗಡಿ ಮುಂದೆನೇ ನಿಂತು ತಿಂದು ಕಸ ಅಲ್ಲೇ ಕೊಡಿ.

ಸಂಜೆ ಗಿಯೋನ್‌ನಲ್ಲಿ (ಕ್ಯೋಟೋದ ಹಳೇ ಗೇಯ್ಶಾ ಬಡಾವಣೆ) ಖಾಸಗಿ ಓಣಿಗಳಿಗೆ ಹೋಗಬೇಡಿ, ಅಲ್ಲಿ ಫೋಟೋ ತೆಗೆದ್ರೆ 10,000 ಯೆನ್ ದಂಡ ಅಂತ ಬೋರ್ಡೇ ಇದೆ. ಗೇಯ್ಶಾಗಳು (ಸಾಂಪ್ರದಾಯಿಕ ಹಾಡು, ನೃತ್ಯದ ಕಲಾವಿದೆಯರು) ಎದುರಾದ್ರೆ ದಾರಿ ಬಿಡಿ, ಅವರು ಕೆಲಸಕ್ಕೆ ಹೊರಟಿರ್ತಾರೆ.

ಚಿಲ್ಲರೆ ಯೆನ್ ಇಟ್ಕೊಳ್ಳಿ, ಬಿಚ್ಚೋಕೆ ಸುಲಭವಾದ ಶೂ ಹಾಕ್ಕೊಳ್ಳಿ. ವೆಜ್ಜೋ ನಾನ್‌ವೆಜ್ಜೋ, ಅಲರ್ಜಿ ಏನಾದ್ರೂ ಇದೆಯಾ ಅಂತ ಗುರುವಾರ ರಾತ್ರಿಯೊಳಗೆ ಇಲ್ಲೇ ರಿಪ್ಲೈ ಮಾಡಿ ಪ್ಲೀಸ್.