ದ್ವೀಪ ಪ್ರವಾಸ: ತಿಂಗಳು ಗೊತ್ತುಮಾಡುವ ಮುನ್ನ

ಎಲ್ಲರಿಗೂ ನಮಸ್ಕಾರ. ಟಿಕೆಟ್ ತೆಗೆಯುವ ಮೊದಲು ಇದನ್ನೊಮ್ಮೆ ಓದಿಬಿಡಿ.

ಡಿಸೆಂಬರ್, ಜನವರಿ ಅಂದರೆ ಎಲ್ಲ ದ್ವೀಪದಲ್ಲೂ ಬಿಸಿಲು ಅನ್ನುವುದು ತಪ್ಪು ಲೆಕ್ಕ. ಮಾಲ್ಡೀವ್ಸ್‌ಗೆ ಜನವರಿಯಿಂದ ಏಪ್ರಿಲ್ ಒಣಗಾಲ. ಅದೇ ಜನವರಿಯಲ್ಲಿ ಬಾಲಿಯಲ್ಲಿ ಜೋರು ಮಳೆ. ಬಾಲಿಗೆ ಮೇಯಿಂದ ಸೆಪ್ಟೆಂಬರ್ ಸರಿ. ಕೆರಿಬಿಯನ್ನಿನ ಚಂಡಮಾರುತದ ಕಾಲ ಜೂನ್ 1ರಿಂದ ನವೆಂಬರ್ 30. ಆಗಸ್ಟ್ ಮಧ್ಯದಿಂದ ಅಕ್ಟೋಬರ್ ಮಧ್ಯದವರೆಗೆ ಅಪಾಯ ಹೆಚ್ಚು. ಆಗ ರೂಮು ಅಗ್ಗಕ್ಕೆ ಸಿಗುವುದೂ ಅದಕ್ಕೇ!

ಒಂದೇ ದ್ವೀಪದಲ್ಲೂ ದಂಡೆ ಬದಲಾದರೆ ಹವೆ ಬೇರೆ. ಶ್ರೀಲಂಕಾದ ದಕ್ಷಿಣ, ಪಶ್ಚಿಮ ತೀರಕ್ಕೆ ಡಿಸೆಂಬರ್‌ನಿಂದ ಮಾರ್ಚ್. ಪೂರ್ವದ ಟ್ರಿಂಕೋಮಲಿಗೆ ಮೇಯಿಂದ ಸೆಪ್ಟೆಂಬರ್. ತೇವದ ಗಾಳಿ ಬೆಟ್ಟಕ್ಕೆ ತಾಗುವ ಬದಿಯಲ್ಲಿ ಮಳೆ, ಹಿಂಬದಿ ಒಣ. ಹವಾಯಿಯ ದೊಡ್ಡ ದ್ವೀಪದಲ್ಲಿ ಗಾಳಿಗೆ ಎದುರಾದ ಹೀಲೊ ಊರು ತೊಯ್ದು ತೊಪ್ಪೆಯಾದ ದಿನವೂ ಹಿಂಬದಿಯ ಕೋನಾ ಕಡೆ ಬಿಸಿಲಿರಬಹುದು.

ಹವಾಮಾನದ ಪಟ್ಟಿಯಲ್ಲಿ ಮಿಲಿಮೀಟರ್ ಒಂದನ್ನೇ ನೋಡಬೇಡಿ. ತಿಂಗಳಿಗೆ 200 ಮಿ.ಮೀ. ಮಳೆ 8 ಸಂಜೆಗಳಲ್ಲಿ ದಬದಬ ಸುರಿದು ಹೋದರೆ ಬೆಳಗ್ಗೆಯೆಲ್ಲ ನಿಮ್ಮದೇ. ಅಷ್ಟೇ ಮಳೆ 20 ದಿನ ಜಿಟಿಜಿಟಿ ಹನಿದರೆ ರಜೆ ರೂಮಿನಲ್ಲೇ ಮುಗಿಯುತ್ತದೆ. ಹಾಗಾಗಿ ಮಳೆಯ ದಿನಗಳು, ದಿನಕ್ಕೆ ಬಿಸಿಲಿನ ಗಂಟೆಗಳು, ಇವೆರಡು ಮುಖ್ಯ. ತಾಪಮಾನ ನೋಡಿ ಪ್ರಯೋಜನ ಕಮ್ಮಿ, ಸಮಭಾಜಕ ವೃತ್ತದ ಹತ್ತಿರ ವರ್ಷವಿಡೀ ಹೆಚ್ಚುಕಡಿಮೆ ಒಂದೇ.

ಸ್ನಾರ್ಕೆಲಿಂಗ್ (ಉಸಿರುಕೊಳವೆ ಕಚ್ಚಿ ನೀರಿನ ಮೇಲೆ ತೇಲುತ್ತ ಕೆಳಗೆ ನೋಡುವುದು) ಮಾಡುವವರು ಗಾಳಿಯ ದಿಕ್ಕನ್ನೂ ನೋಡಿ. ಗಾಳಿಗೆ ಎದುರಾದ ದಂಡೆಯಲ್ಲಿ ಅಲೆ ಮರಳು ಕಲಕಿ ನೀರು ಮಸುಕಾಗುತ್ತದೆ. ದೋಣಿ ರದ್ದಾಗುವುದೂ ಮಳೆಗಿಂತ ಹೆಚ್ಚಾಗಿ ಗಾಳಿ, ಅಲೆಯಿಂದಲೇ. ಆದ್ದರಿಂದ ವಾಪಸಾಗುವ ಹಿಂದಿನ ರಾತ್ರಿ ವಿಮಾನ ನಿಲ್ದಾಣವಿರುವ ದ್ವೀಪದಲ್ಲೇ ತಂಗಿ.