ಗುಮ್ಮನಿಗೂ ಒಂದು ತಾಟು

ನನ್ನವ್ವಾ,

ನಮ್ಮ ಮನೆಯಲ್ಲಿ ಗುಮ್ಮ ಇಲ್ಲ. ಹಿತ್ತಲಿನ ನುಗ್ಗಿ ಗಿಡದ ಹಿಂದೆ ಇಲ್ಲ, ಅಟ್ಟದ ಮೇಲೆ ಇಲ್ಲ, ಕರೆಂಟ್ ಹೋದಾಗ ಬರುವುದೂ ಇಲ್ಲ. ನೀನು ಓದಲು ಕಲಿತು ಈ ಪತ್ರ ಹಿಡಿಯುವ ಹೊತ್ತಿಗೆ, ಇಷ್ಟನ್ನು ಹೇಳಲು ಅಪ್ಪ ಯಾಕೆ ಕೂತು ಬರೆದ ಅನ್ನಿಸಬಹುದು. ಆದರೆ ಈಗ ನಿನಗೆ ಎರಡು ತುಂಬಿ ಮೂರರ ಕಡೆ ನಡೆದಿದೆ. ಧಾರವಾಡದ ನಮ್ಮ ಓಣಿಯಲ್ಲಿ ನಿನ್ನನ್ನು ಉಣ್ಣಿಸಲು, ಮಲಗಿಸಲು, ಸುಮ್ಮನಿರಿಸಲು ಎಲ್ಲರೂ ಮೊದಲು ಕರೆಯುವುದು ಅವನನ್ನೇ. ಅವನಿಗೆ ನೀನು ಬಗ್ಗದಿದ್ದರೆ ಪೊಲೀಸಪ್ಪ. ಅವನಿಗೂ ಬಗ್ಗದಿದ್ದರೆ ಸೂಜಿ ಚುಚ್ಚುವ ಡಾಕ್ಟರ್. ಇವರಲ್ಲಿ ಯಾರನ್ನೂ ಕರೆಯುವುದು ಬೇಡ ಎಂದು ನಿನ್ನವ್ವ ಮತ್ತು ನಾನು ನೀನು ಹುಟ್ಟುವ ಮೊದಲೇ ಮಾತಾಡಿಕೊಂಡಿದ್ದೆವು. ಹೆದರಿಸದೆ ಮಗುವನ್ನು ಬೆಳೆಸಲು ಹೊತ್ತು ಬೇಕು, ಬಹಳ ಹೊತ್ತು. ಸಾಲಿಯ ಪಾಠ ಮುಗಿಸಿ ನಾನು ಮನೆಗೆ ಬಂದಾಗಿನಿಂದ, ನಿನ್ನವ್ವ ಹುಬ್ಬಳ್ಳಿಯಿಂದ ಕೆಲಸ ಮುಗಿಸಿ ಬರುವವರೆಗೆ, ನನ್ನ ಸಂಜೆ ಪೂರಾ ಅದಕ್ಕೇ ಮೀಸಲು.

ಊಟದ ಮಾತು ಮೊದಲು. ಹಾಲಿನಲ್ಲಿ ರೊಟ್ಟಿ ಕಿವುಚಿ ಕೊಟ್ಟರೆ ನಿನಗೆ ಬಿಸಿ ರೊಟ್ಟಿ ಬೇಕು. ಬಿಸಿ ರೊಟ್ಟಿ ಕೊಟ್ಟರೆ ಅದು ದುಂಡಗೇ ಇರಬೇಕು. ಆರಲಿ ಎಂದು ಮುರಿದೆನೋ, ಎರಡೂ ತುಂಡು ನನ್ನ ಕೈಯಲ್ಲಿಟ್ಟು "ಕೂಡಸು, ಕೂಡಸು" ಎಂದು ಅಳುತ್ತೀ. ಮುರಿದ ರೊಟ್ಟಿ ಕೂಡುವುದಿಲ್ಲ ಎಂದು ನಿನಗೆ ಗೊತ್ತಾಗುತ್ತಿರುವುದೇ ಈಗ. ದೊಡ್ಡವರಿಗೆ ಅದು ನಗುವ ಮಾತು. ನಿನ್ನ ಮುಖ ಅಷ್ಟು ಹತ್ತಿರದಿಂದ ನೋಡಿದವರಿಗೆ ನಗು ಬರುವುದಿಲ್ಲ. ಗಲ್ಲದ ಮೇಲೆ ಮೊಸರು, ಮೂಗಿನ ತುದಿಗೆ ಶೇಂಗಾ ಚಟ್ನಿ, ತುಟಿ ನಡುಗುತ್ತಿರುತ್ತದೆ. ಇನ್ನೊಂದು ರೊಟ್ಟಿ ತರುತ್ತೇನೆ. ಅಷ್ಟರಲ್ಲಿ ನಿನಗೆ ರೊಟ್ಟಿಯೇ ಬೇಡವಾಗಿರುತ್ತದೆ, ಚಟ್ನಿಯ ಡಬ್ಬಿಯ ಮುಚ್ಚಳ ಬೇಕಾಗಿರುತ್ತದೆ.

"ಕೂಸು ಉಣ್ಣೂದಽ ಇಲ್ಲ" ಎಂದು ಬಂದವರೆಲ್ಲ ಹೇಳಿ ಹೋಗುತ್ತಾರೆ. ಮಗುವಿನ ತೂಕ ಮೊದಲ ವರ್ಷದಲ್ಲಿ ಸುಮಾರು ಮೂರು ಪಟ್ಟಾಗುತ್ತದೆ. ಎರಡನೆಯ ವರ್ಷ ಹೆಚ್ಚುವುದು 2ರಿಂದ 2.5 ಕಿಲೊ ಅಷ್ಟೇ. ಬೆಳೆಯುವ ವೇಗ ಇಳಿದಾಗ ಹಸಿವೂ ಇಳಿಯುತ್ತದೆ, ಅದು ರೋಗವಲ್ಲ. ಅದರ ಮೇಲೆ ನಿನಗೀಗ ಹಿಂದಿನ ದವಡೆ ಹಲ್ಲು ಬರುವ ಕಾಲ. ಒಟ್ಟು 20 ಹಾಲುಹಲ್ಲಿನಲ್ಲಿ ಕೊನೆಯ ನಾಲ್ಕು ಅವೇ. ಒಸಡು ಉಬ್ಬಿದ ದಿನ ನೀನು ರೊಟ್ಟಿ ದೂಡಿ ನನ್ನ ಭುಜ ಕಚ್ಚುತ್ತೀ. ಕಚ್ಚಲು ಒದ್ದೆ ಅರಿವೆಯ ತುದಿ ಕೊಟ್ಟು ಕೂಡುತ್ತೇನೆ.

ಅಂಥದ್ದೇ ಒಂದು ಸಂಜೆ ನಿನ್ನ ಅಜ್ಜಿಗೆ, ನಮ್ಮ ಆಯಿಗೆ, ಸಾಕಾಗಿ ಹೋಯಿತು. "ಉಣ್ಣವಾ, ಇಲ್ಲಾಂದ್ರ ಗುಮ್ಮ ಬರ್ತಾನ ನೋಡು" ಅಂದಳು. ನೀನು ಬಾಗಿಲ ಕಡೆ ತಿರುಗಿ ನೋಡಿದಿ. ಬಹಳ ಹೊತ್ತು ನೋಡಿದಿ. ಆಮೇಲೆ ಆಯಿಗೆ ಹೇಳಿದಿ: "ಗುಮ್ಮಗ ತಾಟಾ ಕೊಲು." ಮನೆಗೆ ಯಾರು ಬಂದರೂ ಆಯಿ ಮೊದಲು ತಾಟು ಇಡುವುದನ್ನು ನೀನು ದಿನಾ ನೋಡುತ್ತೀ, ಬರುವವನು ಗುಮ್ಮನಾದರೇನು! ಆಯಿ ಕ್ಷಣ ಸುಮ್ಮನಿದ್ದು, ನಿಜವಾಗಿಯೂ ಎದ್ದು ಹೋಗಿ ಇನ್ನೊಂದು ತಾಟು ತಂದಿಟ್ಟಳು. ನೀನು ಅವನ ತಾಟಿಗೆ ಒಂದು ತುತ್ತು ಹಾಕಿ, ನಿನ್ನ ಬಾಯಿಗೆ ಒಂದು ತುತ್ತು ಇಟ್ಟುಕೊಂಡಿ. ಅವನಿಗೆ ಖಾರ ಆದೀತೆಂದು ಮೊಸರನ್ನೂ ಹಾಕಿಸಿದಿ. ಆ ದಿನ ಮುಕ್ಕಾಲು ರೊಟ್ಟಿ ಉಂಡಿ. ಅಂದಿನಿಂದ ನಮ್ಮ ಮನೆಯಲ್ಲಿ ಸಂಜೆ ಊಟಕ್ಕೆ ಒಂದು ತಾಟು ಹೆಚ್ಚು.

ಆಯಿಯನ್ನು ನೀನು ತಪ್ಪು ತಿಳಿಯಬಾರದು. ಆಕೆ ಒಲೆ, ಹೊಲ, ದನ ಎಲ್ಲ ನೋಡಿಕೊಂಡು ಮಕ್ಕಳನ್ನು ಸಾಕಿದವಳು. ರೊಟ್ಟಿ ಬಡಿಯುವ ಕೈ ಬಿಡುವಿಲ್ಲದಾಗ, ತೆವಳುವ ಕೂಸು ಬಾವಿಯ ಕಡೆ ಹೋಗದಿರಲು ಆಕೆಯ ಹತ್ತಿರ ಇದ್ದದ್ದು ಗುಮ್ಮ ಒಬ್ಬನೇ. ನಮಗೆ ಹಾಗಿಲ್ಲ. ನಮ್ಮ ಮನೆಯಲ್ಲಿ ಬಾವಿ ಇಲ್ಲ, ಒಬ್ಬರು ಉಣ್ಣಿಸಿದರೆ ಇನ್ನೊಬ್ಬರು ಗ್ಯಾಸಿನ ಮುಂದೆ ನಿಲ್ಲಬಹುದು. ಹೊತ್ತು ಇರುವವರು ಆ ಹೊತ್ತನ್ನು ಮಗುವಿಗೆ ಕೊಡಬೇಕು ಎನ್ನುವುದು ನನ್ನ ಮಾತು.

ಮೊನ್ನೆ ಮಣ್ಣೆತ್ತಿನ ಅಮಾವಾಸ್ಯೆಗೆ ಆಯಿ ಜೋಡೆತ್ತು ಮಾಡಿ, ಕಣ್ಣಿಗೆ ಜೋಳದ ಕಾಳು ಒತ್ತಿ, ಜಗಲಿಯ ಮೇಲಿಟ್ಟು ಪೂಜೆ ಮಾಡಿದಳು. ನಾವು ಕಡಬು ಇಳಿಸುವುದರೊಳಗೆ ನೀನು ತಂಬಿಗೆ ಹಿಡಿದು ಎತ್ತುಗಳ ಮುಂದೆ ಕುಕ್ಕರಗಾಲಲ್ಲಿ ಕೂತಿದ್ದಿ. "ಎತ್ತಿಗೆ ನೀಲಡಕಿ" ಎಂದು ಒಂದೊಂದರ ಮೂತಿಗೂ ನೀರು ಬಿಡುತ್ತಿದ್ದಿ. ಎಡಗಡೆಯದು ಮುಂಗಾಲು ಕರಗಿ ಮೊಣಕಾಲೂರಿತ್ತು. ಬಲಗಡೆಯದರ ಮೂತಿ ಹೋಗಿ ಜೋಳದ ಕಾಳೊಂದು ಕೆಸರಿನಲ್ಲಿ ತೇಲುತ್ತಿತ್ತು. ಬಾಗಿನ ಕೊಡಲು ಬಂದಿದ್ದ ಒಬ್ಬರು "ದೇವರು ಕಣ್ಣ ತಗೀತಾನ" ಎಂದು ನಿನ್ನ ಕೈ ಹಿಡಿದರು. ನಾನು ಬಾಯಿ ತೆರೆಯುವ ಮೊದಲೇ ಆಯಿ ಹೇಳಿದಳು: "ದುಡಿಯೂ ಎತ್ತಿಗೆ ನೀರ ಕುಡಿಸಿದ್ರ ದೇವರಿಗೆ ಯಾಕ ಸಿಟ್ಟ ಬರ್ತದ? ಕುಡೀಲಿ ಬಿಡ್ರಿ." ಆಯಿಯ ಮೇಲೆ ನನಗಿರುವ ಗೌರವ ಆ ದಿನ ಇಮ್ಮಡಿಯಾಯಿತು.

ಹೊರಗೆ ಹೋದಾಗ ಸಹನೆಯ ಪರೀಕ್ಷೆ ದೊಡ್ಡದು. 2018ರಲ್ಲಿ ಹುಬ್ಬಳ್ಳಿ-ಧಾರವಾಡದ ನಡುವೆ ಓಡಲು ಶುರುವಾದ ಚಿಗರಿ ಬಸ್ಸು ನಿನಗೆ ಬಹಳ ಪ್ರೀತಿ. ಮುಂದಿನ ನಿಲ್ದಾಣ ಯಾವುದೆಂದು ಹೇಳುವ ದನಿಗೆ ನೀನು ಪ್ರತಿ ಸಲ "ಹೂಂ" ಎಂದು ಉತ್ತರ ಕೊಡುತ್ತೀ. ಒಂದು ರವಿವಾರ ಹುಬ್ಬಳ್ಳಿಗೆ ಹೊರಟಾಗ ಉಣಕಲ್ಲಿನಲ್ಲಿ ಬಾಗಿಲು ತಾನೇ ಮುಚ್ಚಿಕೊಂಡಿತು. ಅದನ್ನು ನೀನು ಮುಚ್ಚಬೇಕಿತ್ತಂತೆ. ನೆಲಕ್ಕೆ ಕೂತು ಅತ್ತಿ. ಎತ್ತಿಕೊಂಡರೆ ಬೆನ್ನು ಬಿಲ್ಲು ಮಾಡಿ ಜಾರಿದಿ. ಬಸ್ಸು ತುಂಬಿತ್ತು. "ಎರಡು ಕೊಡ್ರಿ, ಸುಮ್ಮನಾಗ್ತಾಳ" ಎಂದರು ಒಬ್ಬರು. ಸಿಟ್ಟು, ಅಳು ತಡೆದು ಹಿಡಿಯುವ ಮೆದುಳಿನ ಮುಂಭಾಗ ಎಲ್ಲಕ್ಕಿಂತ ಕೊನೆಗೆ ಬಲಿಯುತ್ತದೆ, 25ರ ಸುಮಾರಿಗೂ ಅದರ ಕೆಲಸ ನಡೆದೇ ಇರುತ್ತದೆ. ಎರಡು ವರ್ಷದ ನಿನಗೆ ಅದನ್ನು ಏಟಿನಿಂದ ತಂದುಕೊಡಲು ಆಗುತ್ತದೆಯೇ?

ಪೇರಲ ಹಣ್ಣಿನ ಚೀಲ ಹಿಡಿದಿದ್ದ ಅಜ್ಜಿಯೊಬ್ಬರು "ಸುಮ್ಮನಾಗವಾ, ಡ್ರೈವರ್ ಇಳಸಿ ಹೋಗ್ತಾನ" ಅಂದರು. "ಇಳಸೂದಿಲ್ರಿ ಅಜ್ಜಿ, ಆಕಿಗೆ ಬಾಗಲಾ ತಾನಽ ಹಾಕಬೇಕಿತ್ತು" ಅಂದೆ. ಅವರು ಒಂದಿಷ್ಟು ಯೋಚನೆ ಮಾಡಿ ನಿನ್ನ ಕಡೆ ಬಗ್ಗಿದರು: "ಹೌದೇನು? ಹಂಗಾದ್ರ ಮುಂದಿಂದು ನೀನಽ ಹಾಕು. ಹಾಕು ಅಂತ ಹೇಳು." ವಿದ್ಯಾನಗರದಲ್ಲಿ ನೀನು ಕಣ್ಣೀರಿನ ಮುಖದಲ್ಲೇ ಬೆರಳು ತೋರಿಸಿ "ಹಾಕು!" ಅಂದಿ. ಬಾಗಿಲು ಹಾಕಿಕೊಂಡಿತು. ಕಿಮ್ಸ್ ನಿಲ್ದಾಣದಲ್ಲಿ ಕಾಲೇಜಿನ ಹುಡುಗಿಯರಿಬ್ಬರು ನಿನ್ನ ಜೊತೆ ಬೆರಳೆತ್ತಿದರು. ಹೊಸೂರು ಬರುವಷ್ಟರಲ್ಲಿ ಹಿಂದಿನ ಸೀಟಿನವರೂ "ಹಾಕು" ಅನ್ನುತ್ತಿದ್ದರು. ಅಜ್ಜಿ ಇಳಿಯುವಾಗ ನಿನ್ನ ಕೈಗೆ ಒಂದು ಪೇರಲ ಇಟ್ಟು ಹೋದರು.

ಸೂಜಿಯ ಮಾತು ಬೇರೆ. ಒಂದೂವರೆ ವರ್ಷದ ಬೂಸ್ಟರ್ ಲಸಿಕೆ ಹಾಕಿಸಲು ಹೋದಾಗ ನಿನಗೆ ನಿಜ ಹೇಳಿದೆವು: "ನೋಯ್ತದ. ಜರಾ. ಅಪ್ಪ ಹಿಡಕೊಂಡಿರ್ತಾನ." ಅತ್ತಿ, ಸುಮ್ಮನಾದಿ. ಮನೆಗೆ ಬಂದು ಕಸಬರಿಗೆಯ ಕಡ್ಡಿ ಹಿಡಿದು ಆಯಿಯ ತೋಳಿಗೆ ಚುಚ್ಚಿ "ಜಲಾ, ಜಲಾ" ಎಂದು ಸವರಿದಿ. ಗಂಟಲಮಾರಿ, ನಾಯಿಕೆಮ್ಮು, ಧನುರ್ವಾಯು ತಡೆಯುವ ಡಿಪಿಟಿಯ ಮುಂದಿನ ಬೂಸ್ಟರ್ ಇರುವುದು 5 ವರ್ಷ ತುಂಬಿದ ಮೇಲೆ. ಆಗಲೂ ನಿಜವನ್ನೇ ಹೇಳುತ್ತೇವೆ. ತುತ್ತಿಗೊಂದು ಸಲ ಸೂಜಿಯ ಹೆಸರು ಹೇಳಿ ಹೆದರಿಸಿದ್ದರೆ, ನಿಜವಾಗಿ ಸೂಜಿ ಬೇಕಾದ ದಿನ ನಮ್ಮ ಮಾತು ನಡೆಯುವುದು ಹೇಗೆ? ಮೊಬೈಲಿನ ವಿಷಯವೂ ಇಷ್ಟೇ. ಎರಡು ವರ್ಷದ ಮಗುವಿಗೆ ದಿನಕ್ಕೆ 1 ಗಂಟೆ ದಾಟಬಾರದು, ಅದಕ್ಕಿಂತ ಕಡಿಮೆಯಾದಷ್ಟೂ ಒಳ್ಳೆಯದು ಎಂದು ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಹೇಳಿದೆ. ನಮ್ಮಲ್ಲಿ ಊಟಕ್ಕೆ ಅದು ಬರುವುದೇ ಇಲ್ಲ. ಗುಮ್ಮನೇ ಸಾಕು.

ನಾನು ಮಾಸ್ತರ. 2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೆಯ ಕಲಂ ಸಾಲಿಯಲ್ಲಿ ಮಕ್ಕಳನ್ನು ಹೊಡೆಯುವುದನ್ನೂ ಮನಸ್ಸಿಗೆ ಹಿಂಸೆ ಕೊಡುವುದನ್ನೂ ನಿಷೇಧಿಸಿದೆ. ಅದು ಸಾಲಿಯ ಗೇಟಿನೊಳಗಿನ ಮಾತಾಯಿತು. ಎಂಟನೆಯ ಇಯತ್ತೆಯಲ್ಲಿ ಉತ್ತರ ಗೊತ್ತಿದ್ದೂ ಕೈ ಎತ್ತದ ಹುಡುಗಿಯರನ್ನು ನೋಡುತ್ತೇನೆ. ನಾನು ಬೆಂಚಿನ ಹತ್ತಿರ ಹೋದರೆ ಸಾಕು, ಬರೆದದ್ದನ್ನು ಅಂಗೈಯಿಂದ ಮುಚ್ಚುತ್ತಾರೆ. ಆ ಅಂಜಿಕೆ ಎಂಟನೆಯ ಇಯತ್ತೆಯಲ್ಲಿ ಹುಟ್ಟಿದ್ದಲ್ಲ ಎಂದು ನನಗೆ ಗಟ್ಟಿಯಾಗಿ ಅನ್ನಿಸುತ್ತದೆ. ನೀನು ತಪ್ಪು ಉತ್ತರ ಬರೆದರೂ ಅಂಗೈ ಅಡ್ಡ ಇಡಬಾರದು, ಅದು ನನ್ನ ಆಸೆ.

ಹೊರಗೆ ಆಷಾಢದ ಜಿಟಿಜಿಟಿ ಮಳೆ ಹಿಡಿದಿದೆ, ಅರಿವೆ ಒಣಗುತ್ತಿಲ್ಲ. ಪಂಚಮಿ ಹತ್ತಿರ ಬಂತು. ಆಯಿ ಶೇಂಗಾದ ಉಂಡಿಗೆ ತಯಾರಿ ನಡೆಸಿದ್ದಾಳೆ. ನಿನ್ನ ಪಾಲಿನದಕ್ಕೆ ಶೇಂಗಾ ನುಣ್ಣಗೆ ಪುಡಿಯಾಗಬೇಕು ಎಂದು ಹೇಳಿದ್ದೇನೆ, ಇಡೀ ಕಾಳು ಸಣ್ಣ ಮಕ್ಕಳ ಗಂಟಲಿಗೆ ಸಿಕ್ಕಿಕೊಳ್ಳುತ್ತದೆ. ಜೋಕಾಲಿ ಕಟ್ಟಲು ಹಗ್ಗ ತಂದಾಯಿತು. ಗಂಟು ನೀನೇ ಹಾಕಬೇಕೆಂದು ನಿನ್ನೆಯೇ ಹಠ ಹಿಡಿದಿದ್ದೀ. ಅದಕ್ಕೆ ಗಿಡದ ಹತ್ತಿರ ಒಂದು ಮಣೆ ಇಡುತ್ತೇನೆ, ನೀನು ಹಾಕು. ಅದರ ಮೇಲೆ ನಾನೊಂದು ಹಾಕುತ್ತೇನೆ.

ನಿನ್ನ
ಅಪ್ಪ